ಮಾರ್ಸೆಲ್ ದಾಲಿಯೋ: ಯುದ್ಧ ಮುಗಿದ ಮೇಲೆ ಅವರಿಗೆ ಚಿಕ್ಕ ಪಾತ್ರಗಳೇ ಏಕೆ ಸಿಕ್ಕವು?

ಮೂರನೇ ಸಾಲು:
ನಿನ್ನೆ ರಾತ್ರಿ ‘ಕಾಸಾಬ್ಲಾಂಕಾ’ ಮತ್ತೊಮ್ಮೆ ನೋಡಿದೆ. ರೂಲೆಟ್ ಮೇಜಿನಲ್ಲಿ ಚಕ್ರ ತಿರುಗಿಸುವ ಎಮಿಲ್ ಎಂಬ ನೌಕರನನ್ನು ಇಷ್ಟು ವರ್ಷ ನಾನು ಗಮನಿಸಿಯೇ ಇರಲಿಲ್ಲ. ನಿನ್ನೆ ಆ ಮುಖ ಕಂಡ ಕೂಡಲೇ ಚಿತ್ರ ನಿಲ್ಲಿಸಿ ಎದ್ದು ಕುಳಿತೆ. ಹೋದ ತಿಂಗಳು ನೋಡಿದ ಫ್ರೆಂಚ್ ನಿರ್ದೇಶಕ ಝಾನ್ ರೆನ್ವಾರ್ ಅವರ ‘ದಿ ರೂಲ್ಸ್ ಆಫ್ ದಿ ಗೇಮ್’ನಲ್ಲಿ ಬಂಗಲೆ ತುಂಬ ಅತಿಥಿಗಳನ್ನು ಕರೆದು ಬೇಟೆ, ನಾಟಕ, ಸಂಗೀತ ಎಂದು ಸಡಗರಪಡುವ ಕುಲೀನ, ಮಾರ್ಕ್ವಿಸ್, ಇವರೇ. ಮಾರ್ಸೆಲ್ ದಾಲಿಯೋ! 1939ರಲ್ಲಿ ಮನೆಯ ಯಜಮಾನ, 1942ರಲ್ಲಿ ಇನ್ನೊಬ್ಬರ ಜೂಜುಕಟ್ಟೆಯ ಆಳು. ತೆರೆಯ ಮೇಲಿನ ಹೆಸರುಗಳ ಪಟ್ಟಿಯಲ್ಲೂ ಅವರಿಲ್ಲ.

ಯುದ್ಧಕಾಲದ ಕಷ್ಟ ಅರ್ಥವಾಗುತ್ತದೆ. ಆದರೆ ಯುದ್ಧ ಮುಗಿದ ಮೇಲೂ ಅದೇ ಕಥೆಯಲ್ಲವೇ? ‘ಜೆಂಟಲ್‌ಮೆನ್ ಪ್ರಿಫರ್ ಬ್ಲಾಂಡ್ಸ್’ನಲ್ಲಿ ಒಬ್ಬ ನ್ಯಾಯಾಧೀಶ, ‘ಕ್ಯಾನ್-ಕ್ಯಾನ್’ನಲ್ಲಿ ಊಟ ಬಡಿಸುವವರ ಮುಖ್ಯಸ್ಥ. ಇಂಥ ನಟನನ್ನು ಮೂವತ್ತು ವರ್ಷ ಹೀಗೆ ಮೂಲೆಯಲ್ಲಿ ನಿಲ್ಲಿಸಿದ್ದನ್ನು ನೆನೆದರೆ ನನಗೆ ಸಿಟ್ಟು ಬರುತ್ತದೆ. ಬಲ್ಲವರು ದಯವಿಟ್ಟು ಬರೆಯಿರಿ.

ಹಳೆಯ ರೀಲು:
ನಿಮ್ಮ ಸಿಟ್ಟಿಗೆ ಕಾರಣವಿದೆ. ಹಿನ್ನೆಲೆ ಸ್ವಲ್ಪ ಹೇಳುತ್ತೇನೆ.

ಹುಟ್ಟಿದ್ದು 1899ರ ನವೆಂಬರ್‌ನಲ್ಲಿ, ಪ್ಯಾರಿಸ್‌ನಲ್ಲಿ. ನಿಜವಾದ ಹೆಸರು ಇಸ್ರೇಲ್ ಮೋಷೆ ಬ್ಲೌಷಿಲ್ಡ್. ತಂದೆತಾಯಿ ರೊಮೇನಿಯಾದಿಂದ ವಲಸೆ ಬಂದ ಯಹೂದಿಗಳು. 1937 ಅವರ ವರ್ಷ: ‘ಪೆಪೆ ಲ ಮೋಕೋ’ದಲ್ಲಿ ಪೊಲೀಸರಿಗೆ ಸುದ್ದಿ ಮುಟ್ಟಿಸುವವನ ಪಾತ್ರ, ರೆನ್ವಾರ್ ಅವರ ‘ದಿ ಗ್ರ್ಯಾಂಡ್ ಇಲ್ಯೂಷನ್’ನಲ್ಲಿ ಲೆಫ್ಟಿನೆಂಟ್ ರೋಸೆಂಥಾಲ್. ಎರಡು ವರ್ಷ ಕಳೆದು ನೀವು ಹೇಳಿದ ಮಾರ್ಕ್ವಿಸ್. ನಲವತ್ತು ತುಂಬುವ ಹೊತ್ತಿಗೆ ಅವರು ಫ್ರಾನ್ಸಿನ ದೊಡ್ಡ ನಟರಲ್ಲೊಬ್ಬರು.

1940ರ ಜೂನ್‌ನಲ್ಲಿ ಜರ್ಮನ್ ಸೈನ್ಯ ಪ್ಯಾರಿಸ್ ಹೊಗುವ ಮುನ್ನ ಎಳೆಯ ಹೆಂಡತಿ, ನಟಿ ಮಾದಲೆನ್ ಲಬೋ ಅವರೊಂದಿಗೆ ಊರು ಬಿಟ್ಟರು. ಲಿಸ್ಬನ್‌ನಲ್ಲಿ ಕಾಯುತ್ತ ಕುಳಿತು ಚಿಲಿ ದೇಶದ ವೀಸಾ ಹೊಂದಿಸಿಕೊಂಡು ಹಡಗು ಹತ್ತಿದರು. ಮೆಕ್ಸಿಕೋ ತಲುಪಿದಾಗ ಆ ವೀಸಾ ಖೋಟಾ ಎಂದು ತಿಳಿಯಿತು. ಅಲ್ಲಿ ಸಿಕ್ಕಿಹಾಕಿಕೊಂಡು, ಕೊನೆಗೆ ಕೆನಡಾದ ತಾತ್ಕಾಲಿಕ ಪಾಸ್‌ಪೋರ್ಟ್ ಪಡೆದು ಅಮೆರಿಕ ಮುಟ್ಟಿದರು. ಇತ್ತ, ಅವರು ಬಿಟ್ಟು ಬಂದ ಊರಿನಲ್ಲಿ ನಾಜಿಗಳು ಅವರ ಭಾವಚಿತ್ರವನ್ನೇ ಭಿತ್ತಿಪತ್ರದಲ್ಲಿ ಅಚ್ಚು ಹಾಕಿಸಿ, ‘ಯಹೂದಿ ಎಂದರೆ ಹೀಗಿರುತ್ತಾನೆ’ ಎಂದು ಗೋಡೆಗಳಿಗೆ ಅಂಟಿಸಿದರು. ನಟನಿಗೆ ಮುಖವೇ ಬಂಡವಾಳ. ಅದನ್ನು ಕಿತ್ತುಕೊಂಡ ರೀತಿ ಇದು.

ಆ ಹಿನ್ನೆಲೆಯಿಂದ ‘ಕಾಸಾಬ್ಲಾಂಕಾ’ ನೋಡಿ. ಲಿಸ್ಬನ್, ಖೋಟಾ ಕಾಗದ, ವೀಸಾಕ್ಕಾಗಿ ಅಂಗಲಾಚುವ ಜನ, ಇವೆಲ್ಲ ಅವರ ಪಾಲಿಗೆ ಚಿತ್ರಕಥೆಯಾಗಿರಲಿಲ್ಲ; ಎರಡೇ ವರ್ಷದ ಹಿಂದೆ ಉಂಡ ನೋವು.

ಎಳೆಬಿಸಿಲು:
ಭಿತ್ತಿಪತ್ರದ ವಿಷಯ ಓದಿ ಮೈ ಝುಮ್ಮೆಂದಿತು. ಅವರ ಮನೆಯವರೆಲ್ಲ ಪಾರಾದರೇ?

ಹಳೆಯ ರೀಲು:
ಇಲ್ಲ ಮೇಡಂ. ಫ್ರಾನ್ಸಿನಲ್ಲೇ ಉಳಿದ ಕುಟುಂಬದವರು ನಾಜಿ ಶಿಬಿರಗಳಲ್ಲಿ ಜೀವ ಕಳೆದುಕೊಂಡರು.

ಹೊಳೆದಂಡೆ:
ಎಲ್ಲವನ್ನೂ ಒಪ್ಪುತ್ತೇನೆ. ಆದರೆ ‘ಮೂಲೆಯಲ್ಲಿ ನಿಲ್ಲಿಸಿದರು’ ಎಂಬ ಮಾತನ್ನು ಒಪ್ಪುವುದಿಲ್ಲ. ಚಿಕ್ಕ ಪಾತ್ರವೆಂದರೆ ಅವಮಾನವೇ?

ಅದೇ ಎಮಿಲ್‌ನನ್ನು ಮತ್ತೆ ನೋಡಿ. ಬಲ್ಗೇರಿಯಾದ ದಂಪತಿಗೆ ವೀಸಾದ ಹಣ ಕೂಡಿಬರಲೆಂದು ಜೂಜುಕಟ್ಟೆಯ ಯಜಮಾನ ರಿಕ್ ಇಪ್ಪತ್ತೆರಡನೇ ಅಂಕಿಯ ಮೇಲೆ ಪಣವಿಡಲು ಹೇಳುತ್ತಾನೆ. ದಾಲಿಯೋ ಒಮ್ಮೆ ಯಜಮಾನನ ಮುಖ ನೋಡುತ್ತಾರೆ, ಅಷ್ಟೇ. ಚಕ್ರ ಎರಡು ಬಾರಿ ಇಪ್ಪತ್ತೆರಡಕ್ಕೇ ನಿಲ್ಲುತ್ತದೆ. ಇವತ್ತಿನ ವ್ಯಾಪಾರ ಹೇಗೆ ಎಂದು ರಿಕ್ ಕೇಳಿದಾಗ, ಅಂದುಕೊಂಡಿದ್ದಕ್ಕಿಂತ ಎರಡು ಸಾವಿರ ಕಡಿಮೆ ಎನ್ನುತ್ತಾರೆ. ಆ ದನಿಯಲ್ಲಿ ದೂರೂ ಇದೆ, ಯಜಮಾನನ ಒಳ್ಳೆಯತನವನ್ನು ಕಂಡುಹಿಡಿದ ಸಂತೋಷವೂ ಇದೆ. ಆಮೇಲೆ ಇಲ್ಲಿ ಜೂಜು ನಡೆಯುತ್ತಿದೆಯೇ ಎಂದು ಪೊಲೀಸ್ ಅಧಿಕಾರಿ ಬೆಚ್ಚಿಬೀಳುವ ದೃಶ್ಯ. ಅದೇ ಕ್ಷಣಕ್ಕೆ ಅವನು ಗೆದ್ದ ಹಣವನ್ನು ತಂದು ಕೈಗಿಡುವವರು ಯಾರು? ದಾಲಿಯೋ. ಆ ದೃಶ್ಯ ಇಂದಿಗೂ ಜನರ ಬಾಯಲ್ಲಿರಲು ಅರ್ಧ ಕಾರಣ ಅವರು ಬಂದು ನಿಲ್ಲುವ ಆ ಹೊತ್ತು.

‘ಸಬ್ರಿನಾ’ದ ಮುದಿ ಬ್ಯಾರನ್ ಕೂಡ ಇವರೇ. ಪ್ಯಾರಿಸ್‌ನ ಅಡುಗೆ ಶಾಲೆಯಲ್ಲಿ ಆಡ್ರಿ ಹೆಪ್‌ಬರ್ನ್ ಮಾಡಿದ ಸೂಫ್ಲೆ (ಒಲೆಯಲ್ಲಿ ಉಬ್ಬಿಸುವ ಮೊಟ್ಟೆಯ ತಿನಿಸು) ಉಬ್ಬದೆ ಕುಳಿತುಬಿಟ್ಟಾಗ ಅವಳ ಮನಸ್ಸನ್ನು ಓದುವವರು. ಪ್ರೀತಿ ಫಲಿಸಿದ ಹೆಣ್ಣು ಸೂಫ್ಲೆಯನ್ನು ಸೀಯಿಸುತ್ತಾಳೆ, ಫಲಿಸದವಳು ಒಲೆ ಹಚ್ಚುವುದನ್ನೇ ಮರೆಯುತ್ತಾಳೆ ಎನ್ನುತ್ತಾರೆ. ಆ ಮಾತನ್ನು ಹೀಗೆ ನಂಬಿಸಿ ಹೇಳಬಲ್ಲ ಇನ್ನೊಬ್ಬ ನಟನ ಹೆಸರು ಹೇಳಿ ನೋಡೋಣ.

ಮೂರನೇ ಸಾಲು:
ಹೊಳೆದಂಡೆ ಅವರೇ, ನೀವು ಹೇಳಿದ ಎಲ್ಲವೂ ಸೇರಿದರೆ ಹತ್ತು ನಿಮಿಷವಾಗುವುದಿಲ್ಲ. ಆ ಹತ್ತು ನಿಮಿಷ ಅಪ್ಪಟ ಚಿನ್ನ, ಸರಿ. ಆದರೆ ಗಣಿಯನ್ನೇ ಯಾರೂ ತೋಡಲಿಲ್ಲವಲ್ಲ ಎಂಬುದು ನನ್ನ ಕೊರಗು.

ಲೆಕ್ಕದ ಪುಸ್ತಕ:
ಮೂರನೇ ಸಾಲು ಅವರ ವಾದಕ್ಕೆ ಬಲ ಕೊಡುವ ಸಂಗತಿಯೊಂದಿದೆ. 1952ರ ‘ದಿ ಹ್ಯಾಪಿ ಟೈಮ್’ ಚಿತ್ರದಲ್ಲಿ ಶಾರ್ಲ್ ಬೊಯೆ ಮನೆಯ ಯಜಮಾನ, ದಾಲಿಯೋ ಆತನ ತಂದೆ, ಅಂದರೆ ಮನೆಯ ತಾತ. ಬೊಯೆ ಹುಟ್ಟಿದ್ದು 1899ರ ಆಗಸ್ಟ್‌ನಲ್ಲಿ, ದಾಲಿಯೋ ಅದೇ ವರ್ಷದ ನವೆಂಬರ್‌ನಲ್ಲಿ. ಮೂರು ತಿಂಗಳು ದೊಡ್ಡವರಾದ ‘ಮಗ’ನಿಗೆ ಇವರು ತಂದೆ! ಬೊಯೆ ಪ್ರಣಯ ನಾಯಕನೆಂದು ಹಾಲಿವುಡ್ ನಿರ್ಧರಿಸಿತ್ತು, ದಾಲಿಯೋ ಮುದುಕನೆಂದು ನಿರ್ಧರಿಸಿತ್ತು.

ಆದರೆ ಒಂದು ತಿದ್ದುಪಡಿಯೂ ಬೇಕು. ಅಮೆರಿಕದಲ್ಲಿ ಸಿಕ್ಕಿದ್ದೆಲ್ಲ ನೌಕರರ ಪಾತ್ರಗಳಲ್ಲ. 1944ರಲ್ಲಿ ಹೋವರ್ಡ್ ಹಾಕ್ಸ್ ಅವರ ‘ಟು ಹ್ಯಾವ್ ಅಂಡ್ ಹ್ಯಾವ್ ನಾಟ್’ನಲ್ಲಿ ಮಾರ್ಟಿನಿಕ್ ದ್ವೀಪದ ಹೋಟೆಲ್ ಮಾಲೀಕ, ನಾಯಕ ಬೋಗಾರ್ಟ್‌ನನ್ನು ಫ್ರೆಂಚ್ ಪ್ರತಿರೋಧ ಚಳವಳಿಯತ್ತ ಎಳೆಯುವವನು. ಅದೇ ವರ್ಷ ‘ವಿಲ್ಸನ್’ನಲ್ಲಿ ಫ್ರಾನ್ಸಿನ ಪ್ರಧಾನಿ ಕ್ಲೆಮಾನ್ಸೋ. ತನ್ನ ದೇಶದಲ್ಲಿ ಮುಖಕ್ಕೆ ಮಸಿ ಬಳಿಯುತ್ತಿದ್ದ ಹೊತ್ತಿನಲ್ಲೇ ಆ ದೇಶದ ಪ್ರಧಾನಿಯಾಗಿ ನಟಿಸಿದ್ದಾರೆ.

ಕಡಲತಡಿ:
ಎಲ್ಲರೂ ಹಾಲಿವುಡ್ ಸುತ್ತಲೇ ಸುತ್ತುತ್ತಿದ್ದೀರಿ. ಯುದ್ಧ ಮುಗಿದ ಮೇಲೆ ಅವರು ಫ್ರಾನ್ಸಿಗೆ ಮರಳಿದರು. ಅಲ್ಲಿ ಅವರನ್ನು ಹೇಗೆ ಬರಮಾಡಿಕೊಂಡರು ಎನ್ನುವುದೇ ನನಗೆ ಹೆಚ್ಚು ಕಹಿಯೆನಿಸುವುದು.

1947: ರೆನೆ ಕ್ಲೆಮಾಂ ಅವರ ‘ಲೆ ಮೊದಿ’. 1945ರ ಏಪ್ರಿಲ್‌ನಲ್ಲಿ ಓಸ್ಲೋದಿಂದ ದಕ್ಷಿಣ ಅಮೆರಿಕಕ್ಕೆ ಜಲಾಂತರ್ಗಾಮಿಯಲ್ಲಿ ತಪ್ಪಿಸಿಕೊಳ್ಳುತ್ತಿರುವ ನಾಜಿಗಳ ಮತ್ತು ಅವರ ಜೊತೆಗಾರರ ಕಥೆ. ದಾಲಿಯೋ ಅದರಲ್ಲಿ ಲಾರ್ಗಾ, ಆಚೆ ದಡದಲ್ಲಿರುವ ನಾಜಿಗಳ ಕಡೆಯವನು. 1948: ಈವ್ ಅಲೆಗ್ರೆ ಅವರ ‘ದೆದೆ ದಾಂವೆರ್’. ಆಂಟ್‌ವರ್ಪ್ ಬಂದರಿನ ಕುಡಿತದಂಗಡಿ. ಸಿಮೋನ್ ಸಿನ್ಯೋರೆ ವೇಶ್ಯೆ, ಅವಳ ದುಡಿಮೆಯಲ್ಲಿ ಬದುಕಿ ಅವಳನ್ನೇ ಹೊಡೆಯುವ ತಲೆಹಿಡುಕ ದಾಲಿಯೋ. 1949: ಕವಿ ಪ್ರೆವೆರ್ ಬರೆದ ‘ಲೆಜ಼ಾಮಾಂ ದ ವೆರೋನ್’ನಲ್ಲಿ ಬುದ್ಧಿ ಕೆಟ್ಟ ಮಾಜಿ ಸೈನಿಕ.

ಮೂರು ವರ್ಷ ಸಾಲಾಗಿ ಹೇಡಿ, ತಲೆಹಿಡುಕ, ಹುಚ್ಚ. ಮನೆಯವರನ್ನು ಶಿಬಿರಗಳಲ್ಲಿ ಕಳೆದುಕೊಂಡು ಬಂದವರಿಗೆ ನಾಜಿಗಳ ಕೂಟದವನ ಪಾತ್ರ! ಭಿತ್ತಿಪತ್ರ ಹರಿದುಹೋಗಿತ್ತು, ಆದರೆ ಆ ಮುಖ ಕಂಡರೆ ‘ಇವನು ಹೊರಗಿನವನು, ನಂಬಬಾರದವನು’ ಎನ್ನುವ ಅಭ್ಯಾಸ ಚಿತ್ರರಂಗದ ಕಣ್ಣಿನಿಂದ ಹೋಗಿರಲಿಲ್ಲ. ಹಾಗೆ ನೋಡಿದರೆ ಹಾಲಿವುಡ್ ಅವರಿಗೆ ಕೊಟ್ಟ ಬ್ಯಾರನ್, ಪಾದ್ರಿ, ತಾತ ಇವೆಲ್ಲ ಎಷ್ಟೋ ಮರ್ಯಾದೆಯ ಪಾತ್ರಗಳು.

ಹೊಳೆದಂಡೆ:
ಕಡಲತಡಿ ಅವರೇ, ಈ ವಾದದಲ್ಲಿ ತೂಕವಿದೆ. ಆದರೆ ಕೇಡಿಗನ ಪಾತ್ರವನ್ನು ನಟನೇ ಬಯಸಿ ಒಪ್ಪಿರಬಾರದೇಕೆ? ‘ದೆದೆ’ಯಲ್ಲಿ ಅವರು ಬರಿಯ ದುಷ್ಟನಾಗಿ ಉಳಿಯುವುದಿಲ್ಲ. ಒಳಗೊಳಗೇ ಹೆದರಿಕೆ ತಿನ್ನುತ್ತಿರುವ ಮನುಷ್ಯ. ಹೆದರಿದಷ್ಟೂ ಕೈ ಎತ್ತುತ್ತಾನೆ. ತುಂಬಿದ ಪಾತ್ರ ಅದು, ಪೂರ್ತಿ ಚಿತ್ರದುದ್ದಕ್ಕೂ ಇದೆ. ಮೂರನೇ ಸಾಲು ಅವರು ಕೇಳುತ್ತಿದ್ದ ಗಣಿ ಇಲ್ಲೇ ಇದೆ.

ಕಡಲತಡಿ:
ಅಭಿನಯದ ಬಗ್ಗೆ ನನ್ನ ತಕರಾರಿಲ್ಲ. ಪಾತ್ರ ಹಂಚುವವರ ಕಣ್ಣಿನ ಬಗ್ಗೆ ಇದೆ.

ಹಳೆಯ ರೀಲು:
ಈ ‘ಕಣ್ಣಿನ’ ವಿಷಯದಲ್ಲೇ ರೆನ್ವಾರ್ ದೊಡ್ಡವರು. ‘ದಿ ಗ್ರ್ಯಾಂಡ್ ಇಲ್ಯೂಷನ್’ನಲ್ಲಿ ರೋಸೆಂಥಾಲ್ ಸಿರಿವಂತ ಬ್ಯಾಂಕರ್ ಮನೆತನದ ಯಹೂದಿ. ಯುದ್ಧಕೈದಿಗಳ ಶಿಬಿರಕ್ಕೆ ಮನೆಯಿಂದ ಬರುವ ತಿಂಡಿಯ ಪೊಟ್ಟಣಗಳನ್ನು ಕೋಣೆಯವರಿಗೆಲ್ಲ ಹಂಚುತ್ತಾನೆ. ಕಾವಲು ಕಾಯುವ ಜರ್ಮನರಿಗಿಂತ ಈ ಕೈದಿಗಳ ಊಟವೇ ಚೆನ್ನಾಗಿರುತ್ತದೆ. ಆಮೇಲೆ ಜೊತೆಗಾರ ಕೈದಿ, ನಟ ಝಾನ್ ಗಾಬ್ಯಾಂ ಜೊತೆ ತಪ್ಪಿಸಿಕೊಂಡು ಸ್ವಿಸ್ ಗಡಿಯತ್ತ ನಡೆಯುವಾಗ ಕಾಲು ಉಳುಕುತ್ತದೆ. ಚಳಿ, ಹಸಿವು. ತಾಳ್ಮೆಗೆಟ್ಟ ಗಾಬ್ಯಾಂ ‘ನನಗೆ ಯಹೂದಿಗಳನ್ನು ಕಂಡರೆ ಆಗದು’ ಎಂದು ಕಿರುಚಿ ಬಿಟ್ಟು ಹೊರಡುತ್ತಾನೆ. ದಾಲಿಯೋ ಬಂಡೆಯ ಮೇಲೆ ಕುಳಿತು, ಸಿಟ್ಟಿನಿಂದ, ಅಳುವನ್ನು ನುಂಗಿಕೊಂಡು, ಮಕ್ಕಳ ಹಡಗಿನ ಹಾಡೊಂದನ್ನು ಗಟ್ಟಿಯಾಗಿ ಹಾಡುತ್ತಾರೆ. ದೂರ ಹೋಗುತ್ತಿರುವ ಗಾಬ್ಯಾಂ ಬಾಯಲ್ಲೂ ಅದೇ ಹಾಡು ಬರುತ್ತದೆ, ಹಾಡುತ್ತ ಹಾಡುತ್ತ ನಿಲ್ಲುತ್ತದೆ. ಮರಳಿ ಬಂದು ಕೈ ಕೊಡುತ್ತಾನೆ. ಇದು 1937. ಮೂರೇ ವರ್ಷಗಳಲ್ಲಿ ಆ ಬೈಗುಳವೇ ಸರ್ಕಾರದ ಕಾನೂನಾಯಿತು.

‘ರೂಲ್ಸ್’ನಲ್ಲೂ ಗಮನಿಸಿ. ಅಡುಗೆಮನೆಯಲ್ಲಿ ಆಳುಗಳು ಊಟ ಮಾಡುತ್ತ ತಮ್ಮ ಯಜಮಾನ ಮಾರ್ಕ್ವಿಸ್‌ನ ತಾಯಿಯ ಕಡೆಯ ಅಜ್ಜ ಫ್ರಾಂಕ್‌ಫರ್ಟ್‌ನಿಂದ ಬಂದವನು, ಹೆಸರು ರೋಸೆಂಥಾಲ್ ಎಂದು ಆಡಿಕೊಳ್ಳುತ್ತಾರೆ. ಹಿಂದಿನ ಚಿತ್ರದ ಹೆಸರೇ! ಮಾರ್ಕ್ವಿಸ್ ಆದರೂ ಬಿಡದ ಪಿಸುಮಾತು ಅದು.

ಪದಚಿಂತೆ:
ನಮ್ಮಲ್ಲಿ ಇಂಥವರನ್ನು ‘ಪೋಷಕ ನಟ’ ಎನ್ನುತ್ತೇವೆ. ನಾಯಕನ ಪಕ್ಕದಲ್ಲಿರುವವನು ಎಂಬ ಅರ್ಥದಲ್ಲೇ ಈ ಪದವನ್ನು ಇಷ್ಟು ದಿನ ಬಳಸುತ್ತಿದ್ದೆ. ರೀಲು ಅವರ ಬರಹ ಓದಿದ ಮೇಲೆ ಪದ ಬೇರೆಯೇ ಆಗಿ ಕಾಣುತ್ತಿದೆ. ಪೋಷಕ ಎಂದರೆ ಉಣಿಸಿ ಸಾಕುವವನು. ರೋಸೆಂಥಾಲ್ ಜೊತೆಯವರಿಗೆ ಉಣಿಸುತ್ತಾನೆ. ಮಾರ್ಕ್ವಿಸ್ ಊರಿಗೆಲ್ಲ ಔತಣವಿಡುತ್ತಾನೆ. ಮಾರ್ಟಿನಿಕ್‌ನ ಹೋಟೆಲಿನವನು ಆಶ್ರಯ ಕೊಡುತ್ತಾನೆ. ಎಮಿಲ್ ಇನ್ನೊಬ್ಬರ ಕೈಗೆ ಹಣ ಎಣಿಸಿ ಕೊಡುತ್ತಾನೆ. ದಾಲಿಯೋ ತೆರೆಯ ಮೇಲೆ ಏನನ್ನಾದರೂ ಕೊಡುತ್ತಲೇ ಇರುತ್ತಾರೆ. ಕೊಡುವವರ ಮುಖ ಅದು.

ಕಡಲತಡಿ:
ಸುಂದರವಾಗಿದೆ, ಆದರೆ ಒಪ್ಪಲಾರೆ. ‘ದೆದೆ’ಯ ತಲೆಹಿಡುಕ ಮಾರ್ಕೋ ಏನು ಕೊಡುತ್ತಾನೆ? ಕಸಿಯುತ್ತಾನೆ. ಎರಡು ರೆನ್ವಾರ್ ಚಿತ್ರಗಳಿಗೆ ಹೊಂದುವ ಮಾತನ್ನು ನೂರಕ್ಕೂ ಹೆಚ್ಚು ಚಿತ್ರಗಳಿಗೆ ಹೊದಿಸಬೇಡಿ. ಹಾಲಿವುಡ್‌ನಲ್ಲಿ ಫ್ರೆಂಚ್ ಉಚ್ಚಾರದ ನಟನಿಗೆ ಹೋಟೆಲು, ಊಟದ ಮೇಜು ಬಿಟ್ಟು ಬೇರೆ ಜಾಗ ಹೆಚ್ಚಿರಲಿಲ್ಲ.

ಪದಚಿಂತೆ:
ಮಾರ್ಕೋ ವಿಷಯ ಒಪ್ಪಿದೆ. ಉಳಿದದ್ದನ್ನು ಹಿಂತೆಗೆದುಕೊಳ್ಳುವುದಿಲ್ಲ.

ಎಳೆಬಿಸಿಲು:
ನಡುವೆ ಬಾಯಿ ಹಾಕುತ್ತಿದ್ದೇನೆ. ಅವರ ಹೆಂಡತಿ ಮಾದಲೆನ್ ಲಬೋ ಎಂದಿರಿ. ‘ಕಾಸಾಬ್ಲಾಂಕಾ’ದಲ್ಲಿ ಕಣ್ಣೀರು ಸುರಿಸುತ್ತ ಫ್ರೆಂಚ್ ರಾಷ್ಟ್ರಗೀತೆ ಹಾಡುವ ಯುವತಿ ಅವರೇ ಅಲ್ಲವೇ?

ಲೆಕ್ಕದ ಪುಸ್ತಕ:
ಹೌದು, ಇವೋನ್ ಪಾತ್ರ. ಆ ಕಣ್ಣೀರು ನಟನೆಯಷ್ಟೇ ಎಂದು ಯಾರೂ ಹೇಳಲಾರರು. ಗಂಡಹೆಂಡತಿ ಒಂದೇ ಚಿತ್ರದಲ್ಲಿದ್ದರು, ಆದರೆ ದಾಲಿಯೋ ವಿಚ್ಛೇದನಕ್ಕೆ ಅರ್ಜಿ ಹಾಕಿದ್ದು ಅದೇ 1942ರಲ್ಲಿ. ಮುಂದೆ ಲಬೋ ಇಟಲಿಯ ನಿರ್ದೇಶಕ ಫೆಲಿನಿ ಅವರ ‘ಎಂಟೂವರೆ’ಯಲ್ಲಿ ಫ್ರೆಂಚ್ ನಟಿಯಾಗಿ ಕಾಣಿಸಿಕೊಂಡರು. 2016ರಲ್ಲಿ ತೀರಿಕೊಂಡಾಗ ‘ಕಾಸಾಬ್ಲಾಂಕಾ’ದ ಹೆಸರುಪಟ್ಟಿಯಲ್ಲಿದ್ದ ನಟವರ್ಗದಲ್ಲಿ ಕೊನೆಯವರು ಅವರಾಗಿದ್ದರು.

ಗೋಡೆ ಗಡಿಯಾರ:
ಪೋಷಕ ನಟರ ಮಾತು ಬಂದಾಗ ಝುಲಿಯೆಂ ಕಾರೆತ್ ಅವರನ್ನು ಮರೆತರೆ ಹೇಗೆ? ‘ರೂಲ್ಸ್’ನಲ್ಲಿ ಮೊಲ ಕದ್ದು ಹಿಡಿಯುವ ಮಾರ್ಸೋ. ಮಾರ್ಕ್ವಿಸ್ ಅವನನ್ನು ಕಳ್ಳನೆಂದು ದಂಡಿಸದೆ ಮನೆಯಾಳಾಗಿ ಇಟ್ಟುಕೊಳ್ಳುತ್ತಾನೆ, ಇಬ್ಬರೂ ಹೆಂಗಸರ ವಿಷಯದಲ್ಲಿ ಸಲಹೆ ಹಂಚಿಕೊಳ್ಳುತ್ತಾರೆ. ಆ ಜೋಡಿಯನ್ನು ನೋಡಲು ನಾನು ಆ ಚಿತ್ರಕ್ಕೆ ಮತ್ತೆ ಮತ್ತೆ ಹೋಗುತ್ತೇನೆ. ಕಾರೆತ್ ಯುದ್ಧದ ನಂತರವೂ ಪ್ಯಾರಿಸ್‌ನ ಬೀದಿಯವನಾಗಿ, ‘ಲೋಬೆರ್ಜ್ ರೂಜ್’ನ ಛತ್ರದ ಯಜಮಾನನಾಗಿ ನಿರಾಯಾಸವಾಗಿ ಮುಂದುವರಿದರು. ಕಡಲತಡಿ ಅವರ ವಾದಕ್ಕೆ ಇದೂ ಒಂದು ಸಾಕ್ಷಿ: ಒಂದೇ ಚಿತ್ರದ ಇಬ್ಬರು ನಟರು, ಒಬ್ಬರನ್ನು ‘ನಮ್ಮವನು’ ಎಂದರು.

ಬೆಂಗಳೂರಿನಲ್ಲಿ ವಿದ್ಯಾರ್ಥಿಯಾಗಿದ್ದಾಗ ಚಿತ್ರಸಮಾಜದ ಪ್ರದರ್ಶನವೊಂದರಲ್ಲಿ ‘ರೂಲ್ಸ್’ ಮೊದಲು ನೋಡಿದ್ದು. ಬಿಳಿ ಬಟ್ಟೆಯ ತೆರೆ, ಕಿರುಗುಟ್ಟುವ ಕಬ್ಬಿಣದ ಕುರ್ಚಿ. ಚಿತ್ರ ಮುಗಿದ ಮೇಲೂ ಬೀದಿಯಲ್ಲಿ ನಿಂತು ಒಂದು ಗಂಟೆ ಜಗಳವಾಡಿದ್ದೆವು.

ಸೇನ್ ದಡದಿಂದ:
ಹತ್ತು ವರ್ಷದಿಂದ ಪ್ಯಾರಿಸ್‌ನಲ್ಲಿದ್ದೇನೆ. ಇಷ್ಟು ಹೊತ್ತಾದರೂ ಯಾರೂ ‘ರಬ್ಬಿ ಜಾಕೋಬ್’ ಹೆಸರೆತ್ತಿಲ್ಲ ಎಂದು ಅಚ್ಚರಿಯಾಗುತ್ತಿದೆ! ಇಲ್ಲಿಯ ಸಾಮಾನ್ಯ ಜನರಿಗೆ ದಾಲಿಯೋ ಎಂದರೆ ಮೊದಲು ನೆನಪಾಗುವುದು ರೆನ್ವಾರ್ ಚಿತ್ರಗಳಲ್ಲ, 1973ರ ಈ ಹಾಸ್ಯಚಿತ್ರ. ನಿರ್ದೇಶಕ ಜೆರಾರ್ ಊರಿ, ನಾಯಕ ಲೂಯಿ ದ ಫ್ಯುನೆಸ್. ಫ್ರಾನ್ಸಿನಲ್ಲಿ ಎಪ್ಪತ್ತು ಲಕ್ಷಕ್ಕೂ ಹೆಚ್ಚು ಟಿಕೆಟ್ ಮಾರಾಟವಾದವು. ಟಿವಿಯಲ್ಲಿ ಮತ್ತೆ ಮತ್ತೆ ಹಾಕುತ್ತಾರೆ. ನನ್ನ ಪಕ್ಕದ ಮನೆಯ ಅಜ್ಜಿಗೆ ಸಂಭಾಷಣೆಯೆಲ್ಲ ಬಾಯಿಪಾಠ.

ಕಥೆ ಇಷ್ಟು: ಪರಧರ್ಮದವರನ್ನೂ ಪರದೇಶದವರನ್ನೂ ಸಹಿಸದ ಒಬ್ಬ ಫ್ರೆಂಚ್ ಕಾರ್ಖಾನೆ ಮಾಲೀಕ ಪ್ರಾಣ ಉಳಿಸಿಕೊಳ್ಳಲು ಯಹೂದಿ ಧರ್ಮಗುರುವಿನ ವೇಷ ಹಾಕಬೇಕಾಗುತ್ತದೆ. ಜನ ಅವನನ್ನೇ ನ್ಯೂಯಾರ್ಕಿನಿಂದ ಬಂದ ರಬ್ಬಿ ಜಾಕೋಬ್ ಎಂದು ತಿಳಿದು ಮೆರವಣಿಗೆ ಮಾಡುತ್ತಾರೆ. ನಿಜವಾದ ರಬ್ಬಿ ಜಾಕೋಬ್ ನಮ್ಮ ದಾಲಿಯೋ. ಮೂವತ್ತು ವರ್ಷ ಅಮೆರಿಕದಲ್ಲಿದ್ದು ಫ್ರಾನ್ಸಿಗೆ ಮರಳುವ ಮುದುಕ. ವಿಮಾನ ಹತ್ತುವ ಮುನ್ನ ನೆರೆಹೊರೆಯವರೆಲ್ಲ ಸೇರಿ ಬೀಳ್ಕೊಡುವಾಗ ಆ ಮುಖದಲ್ಲಿ ಅರಳುವ ನಗುವನ್ನು ನೋಡಬೇಕು.

ಚಿತ್ರದ ರ‍್ಯೂ ದೆ ರೋಜಿಯೆ ಬೀದಿ ನನ್ನ ಕಚೇರಿಯಿಂದ ನಡೆದು ಹೋಗುವಷ್ಟು ಹತ್ತಿರ. ಒಂದೆಡೆ ಯಹೂದಿ ಬೇಕರಿಗಳ ಮುಂದೆ ಸಾಲು ನಿಂತ ಜನ. ಆ ಸುತ್ತಿನ ಶಾಲೆಗಳ ಬಾಗಿಲ ಮೇಲೆ, ಇಲ್ಲಿಂದ ಹಿಡಿದೊಯ್ದು ಕೊಂದ ಮಕ್ಕಳ ನೆನಪಿನ ಕಪ್ಪು ಫಲಕಗಳು. ಭಿತ್ತಿಪತ್ರದ ವಿಷಯ ನಾನು ತಿಳಿದದ್ದು ಇಂದು, ನಿಮ್ಮಿಂದ. ನಾಳೆ ಆ ಬೀದಿಯಲ್ಲಿ ನಡೆಯುವಾಗ ಗೋಡೆಗಳನ್ನು ಬೇರೆ ರೀತಿ ನೋಡುತ್ತೇನೆ.

ಮೂರನೇ ಸಾಲು:
ಮೇಡಂ, ಇದನ್ನು ಓದಿ ಸ್ವಲ್ಪ ಹೊತ್ತು ಸುಮ್ಮನೆ ಕುಳಿತೆ. ಎಪ್ಪತ್ತು ಲಕ್ಷ ಜನ! ಯಾವ ಮುಖವನ್ನು ತೋರಿಸಿ ದ್ವೇಷ ಬಿತ್ತಲು ಹೊರಟಿದ್ದರೋ ಅದೇ ಮುಖವನ್ನು ಜನ ನಗುತ್ತ ಪ್ರೀತಿಸಿದರು.

ಕಡಲತಡಿ:
ಒಂದು ಹಾಸ್ಯಚಿತ್ರದಿಂದ ಎಲ್ಲ ಸರಿಹೋಯಿತು ಎನ್ನಬೇಡಿ. ಅದು ತೆರೆಕಂಡದ್ದು 1973ರ ಅಕ್ಟೋಬರ್ 18ರಂದು, ಇಸ್ರೇಲ್ ಮತ್ತು ಅರಬ್ ದೇಶಗಳ ನಡುವೆ ಯೋಮ್ ಕಿಪ್ಪುರ್ ಯುದ್ಧ ನಡೆಯುತ್ತಿದ್ದಾಗ. ಆ ಹೊತ್ತಿನಲ್ಲಿ ಇಂಥ ಚಿತ್ರ ಬೇಕೇ ಎಂದವರೂ ಇದ್ದರು. ಆದರೂ ಹೇಳುತ್ತೇನೆ, ದಾಲಿಯೋ ಅದರಲ್ಲಿ ಅದ್ಭುತ. ಇಷ್ಟು ವರ್ಷ ಅವರಿಂದ ಬ್ಯಾರನ್‌ಗಳನ್ನೂ ಪಾದ್ರಿಗಳನ್ನೂ ಮಾಡಿಸಿದ ಮೇಲೆ, ಕಡೆಗೊಮ್ಮೆ ತಮ್ಮ ಜನರಲ್ಲೇ ಒಬ್ಬರಾಗಿ ನಿಂತರು.

ಲೆಕ್ಕದ ಪುಸ್ತಕ:
ಪಾದ್ರಿ ಎಂದಾಗ ನೆನಪಾಯಿತು. ಜಾನ್ ಫೋರ್ಡ್ ಅವರ ‘ಡೊನೊವನ್ಸ್ ರೀಫ್’ (1963). ಸೋರುವ ಮಾಡಿನ ಇಗರ್ಜಿ, ಕ್ರಿಸ್‌ಮಸ್ ಪೂಜೆಯ ನಡುವೆ ಮಳೆ. ಆ ಪಾದ್ರಿ ಇವರೇ. ಅದಕ್ಕೂ ಮೊದಲು 1955ರಲ್ಲಿ ‘ಕಾಸಾಬ್ಲಾಂಕಾ’ ಟಿವಿ ಸರಣಿಯಾದಾಗ ಪೊಲೀಸ್ ಅಧಿಕಾರಿ ರೆನೋ ಪಾತ್ರ ಇವರಿಗೇ ಬಂತು. ಒಮ್ಮೆ ಯಾರ ಕೈಗೆ ಹಣ ತಂದಿಟ್ಟಿದ್ದರೋ ಅವನ ಕುರ್ಚಿಯಲ್ಲೇ ಕುಳಿತರು! ‘ಕ್ಯಾಚ್-22’ರಲ್ಲಿ ಎಳೆಯ ಅಮೆರಿಕನ್ ಸೈನಿಕನೊಂದಿಗೆ ವಾದಕ್ಕಿಳಿಯುವ ನೂರು ದಾಟಿದ ಇಟಲಿಯ ಮುದುಕನೂ ಅವರೇ. ಸೋಲುತ್ತ ಸೋಲುತ್ತಲೇ ಬದುಕಿ ಉಳಿಯುವುದು ಹೇಗೆಂದು ವಿವರಿಸುವ ಪಾತ್ರ. ತೀರಿಕೊಂಡದ್ದು 1983ರ ನವೆಂಬರ್‌ನಲ್ಲಿ, ಪ್ಯಾರಿಸ್‌ನಲ್ಲೇ.

ಹೊಳೆದಂಡೆ:
‘ರೂಲ್ಸ್’ ಬಿಡುಗಡೆಯಾದಾಗ ಜನ ಕೂಗಾಡಿದರು, ಕೆಲವೇ ತಿಂಗಳಲ್ಲಿ ನಿಷೇಧವಾಯಿತು, ಮೂಲ ನೆಗೆಟಿವ್ ಬಾಂಬ್ ದಾಳಿಯಲ್ಲಿ ಸುಟ್ಟುಹೋಯಿತು. ಇಬ್ಬರು ಅಭಿಮಾನಿಗಳು ಚೂರುಚೂರು ಹೆಕ್ಕಿ 1959ರಲ್ಲಿ ಮತ್ತೆ ಜೋಡಿಸಿದ ಮೇಲೆಯೇ ಜಗತ್ತು ಅದನ್ನು ಕಂಡದ್ದು. ಅಂದರೆ ದಾಲಿಯೋ ಅಮೆರಿಕದಲ್ಲಿ ಅವಕಾಶ ಕೇಳುತ್ತಿದ್ದ ವರ್ಷಗಳಲ್ಲಿ, ‘ನಾನು ಇಂಥ ಪಾತ್ರ ಮಾಡಬಲ್ಲೆ’ ಎಂದು ತೋರಿಸಲು ಅವರ ಕೈಯಲ್ಲಿ ಆ ಚಿತ್ರವೇ ಇರಲಿಲ್ಲ. ಮೂರನೇ ಸಾಲು ಅವರ ಪ್ರಶ್ನೆಗೆ ಇದೂ ಒಂದು ಉತ್ತರವೆಂದು ನನಗೆ ಈಗ ತೋರುತ್ತಿದೆ.

ಆ ಚಿತ್ರದಲ್ಲಿ ಮಾರ್ಕ್ವಿಸ್ ತಾನು ಹೊಸದಾಗಿ ತಂದ ಜಾತ್ರೆಯ ಯಂತ್ರವಾದ್ಯವನ್ನು ಅತಿಥಿಗಳಿಗೆ ತೋರಿಸುತ್ತಾನಲ್ಲ, ದೀಪ ಹೊತ್ತಿ ಬೊಂಬೆಗಳು ಕುಣಿಯುವಾಗ ಪಕ್ಕದಲ್ಲಿ ನಿಂತು ತುಟಿ ಒರೆಸಿಕೊಳ್ಳುತ್ತ, ಹೆಮ್ಮೆಯನ್ನೂ ನಾಚಿಕೆಯನ್ನೂ ಒಟ್ಟಿಗೆ ಅನುಭವಿಸುತ್ತ. ಆ ಒಂದು ಶಾಟ್‌ಗೆ ಎರಡು ದಿನ ತೆಗೆದುಕೊಂಡರಂತೆ. ತಾನು ಜೀವಮಾನದಲ್ಲಿ ತೆಗೆದ ಅತ್ಯುತ್ತಮ ಶಾಟ್ ಅದೇ ಇರಬಹುದು ಎಂದು ರೆನ್ವಾರ್ ಮುಂದೆ ಹೇಳಿದ್ದಾರೆ.

ಎಳೆಬಿಸಿಲು:
ಹೊಸದಾಗಿ ನೋಡುವವರು ಯಾವುದರಿಂದ ಆರಂಭಿಸಬೇಕು?

ಹಳೆಯ ರೀಲು:
‘ದಿ ಗ್ರ್ಯಾಂಡ್ ಇಲ್ಯೂಷನ್’ ಮೊದಲು. ಆಮೇಲೆ ತಡಮಾಡದೆ ‘ದೆದೆ’. ನಡುವೆ ಹನ್ನೊಂದು ವರ್ಷ. ಎರಡರಲ್ಲೂ ಅವರ ಕಣ್ಣುಗಳನ್ನೇ ನೋಡುತ್ತಿರಿ.

ಮೂರನೇ ಸಾಲು:
ನಿಮ್ಮೆಲ್ಲರ ಜಗಳ ಓದಿ ನಿನ್ನೆ ರಾತ್ರಿ ‘ಲೆ ಮೊದಿ’ ಹುಡುಕಿ ನೋಡಿದೆ. ಕಡಲತಡಿ ಅವರು ಅದನ್ನು ಕಹಿ ಎಂದಿದ್ದರು, ಹೌದು. ಲಾರ್ಗಾನನ್ನು ಕೊಲ್ಲುವ ದೃಶ್ಯದಲ್ಲಿ ದಾಲಿಯೋ ಪರದೆಯನ್ನು ಹಿಡಿದು ಜೋತುಬೀಳುತ್ತಾರೆ; ಪರದೆಯ ಉಂಗುರಗಳು ಒಂದೊಂದಾಗಿ ಕಳಚುತ್ತ ಹೋಗುತ್ತವೆ. ಇರಿತ ಕಾಣುವುದಿಲ್ಲ, ಮುಖ ಕಾಣುವುದಿಲ್ಲ, ಬರೀ ಉಂಗುರಗಳು. ಎದ್ದು ಹೋಗಿ ನೀರು ಕುಡಿದು ಬಂದೆ, ಮತ್ತೆ ಅದೇ ದೃಶ್ಯ ಹಾಕಿದೆ.

ಈಗ ‘ದೆದೆ’ ಎಲ್ಲಿ ಸಿಗುತ್ತದೆ, ಹೇಳಿ.